ಎರಡು ಬಂಡೆ, ಎರಡು ಪಟ್ಟಿ: ಹಾರ್ಡ್ ಡಿಸ್ಕ್ ದೋಷ ನಿವಾರಣೆಯ ಚರಿತ್ರೆ

ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡುಗಳಲ್ಲಿ ಅಶೋಕನ ಎರಡು ಲಘು ಶಿಲಾಶಾಸನಗಳಿವೆ. 1931ರಲ್ಲಿ ಬೆಳಕಿಗೆ ಬಂದ ಇವುಗಳ ಪಾಠವನ್ನು ಮರುವರ್ಷ ಆರ್. ಎಲ್. ಟರ್ನರ್ ಪ್ರಕಟಿಸಿದರು. ಗವಿಮಠದ ಬರಹ ಬಹುಮಟ್ಟಿಗೆ ಸುಸ್ಥಿತಿಯಲ್ಲಿದೆ. ಪಾಲ್ಕಿಗುಂಡಿನದು ತುಂಬ ಸವೆದಿದೆ. ಆದರೂ ಅಲ್ಲಿ ಏನು ಬರೆದಿತ್ತೆಂದು ಊಹಿಸಬಹುದು. ಏಕೆಂದರೆ ಅದೇ ಸಂದೇಶ ಗವಿಮಠ, ಮಸ್ಕಿ, ಬ್ರಹ್ಮಗಿರಿ ಮೊದಲಾದ ಕಡೆಗಳಲ್ಲೂ ಇದೆ. ಅಳಿಸಿಹೋದ ಅಕ್ಷರಗಳು ತಿಳಿಯುವುದು ಇನ್ನೊಂದು ಪ್ರತಿಯಿಂದ. ಗಣಕದ ಹಾರ್ಡ್ ಡಿಸ್ಕಿನಲ್ಲಿ ದೋಷ ಕಂಡಾಗ ನೆರವಿಗೆ ಬರುವುದೂ ಇದೇ ತತ್ವ.

ಮೊದಲ ಹಾರ್ಡ್ ಡಿಸ್ಕನ್ನು ಐಬಿಎಂ ಸಂಸ್ಥೆ 1956ರಲ್ಲಿ ಹೊರತಂದಿತು. 24 ಅಂಗುಲ ವ್ಯಾಸದ 50 ತಟ್ಟೆಗಳಲ್ಲಿ ಹಿಡಿಸುತ್ತಿದ್ದುದು ಕೇವಲ 50 ಲಕ್ಷ ಅಕ್ಷರಗಳು. ಪ್ರತಿ ಅಕ್ಷರದ ಜೊತೆಗೆ ಒಂದು ಪರೀಕ್ಷಾ ಬಿಟ್ ಇರುತ್ತಿತ್ತು. ಅದರಿಂದ ತಪ್ಪಾಗಿದೆ ಎಂದು ತಿಳಿಯುತ್ತಿತ್ತೇ ಹೊರತು, ಎಲ್ಲಿ ಎಂದು ತಿಳಿಯುತ್ತಿರಲಿಲ್ಲ. ತಪ್ಪಿನ ಸ್ಥಾನವನ್ನೇ ತೋರಿಸಿ ತಿದ್ದಬಲ್ಲ ಸಂಕೇತವನ್ನು ರಿಚರ್ಡ್ ಹ್ಯಾಮಿಂಗ್ 1950ರಲ್ಲೇ ಪ್ರಕಟಿಸಿದ್ದರು. ಇಂದಿನ ಡಿಸ್ಕುಗಳು ಇಂಥ ಸಂಕೇತಗಳ ಸುಧಾರಿತ ರೂಪಗಳಿಂದ ಸಣ್ಣಪುಟ್ಟ ತಪ್ಪುಗಳನ್ನು ತಾವೇ ತಿದ್ದಿಕೊಳ್ಳುತ್ತವೆ.

ಆದರೆ ಅಕ್ಷರಗಳು ಸರಿಯಿದ್ದರೆ ಸಾಲದು. ಯಾವ ಫೈಲು ಎಲ್ಲಿದೆ ಎಂಬುದೂ ತಿಳಿಯಬೇಕು. ಇದಕ್ಕಾಗಿ 1977ರಲ್ಲಿ ಮೈಕ್ರೋಸಾಫ್ಟ್ ರೂಪಿಸಿದ ವ್ಯವಸ್ಥೆಯೇ ಫ್ಯಾಟ್. ಇದು ಗ್ರಂಥಾಲಯದ ಸೂಚಿಯಂತೆ: ಒಂದು ಫೈಲಿನ ತುಣುಕುಗಳು ಯಾವ ಯಾವ ಜಾಗದಲ್ಲಿವೆ ಎಂಬ ಪಟ್ಟಿ. ಸಾಮಾನ್ಯವಾಗಿ ಇದರ ಎರಡು ಪ್ರತಿಗಳನ್ನು ಡಿಸ್ಕಿನಲ್ಲಿ ಇಡಲಾಗುತ್ತದೆ.

ಗಂಗಾವತಿಯ ಮನೆಯೊಂದರಲ್ಲಿ ಫೈಲು ಉಳಿಸುತ್ತಿರುವಾಗಲೇ ವಿದ್ಯುತ್ ಹೋಯಿತು ಎಂದುಕೊಳ್ಳಿ. ತುಣುಕುಗಳು ಡಿಸ್ಕಿಗೆ ಸೇರಿವೆ, ಸೂಚಿಯಲ್ಲಿ ನಮೂದಾಗಿಲ್ಲ. 1981ರ ಪಿಸಿ ಡಾಸ್‌ನೊಂದಿಗೇ ಬಂದ ಚೆಕ್‌ಡಿಸ್ಕ್ ಹುಡುಕುವುದು ಇಂಥ ಅನಾಥ ತುಣುಕುಗಳನ್ನೇ. ವಿಂಡೋಸ್ 98ರ ಗಣಕ ಹೀಗೆ ತಟ್ಟನೆ ನಿಂತರೆ, ಮರಳಿ ಆರಂಭವಾಗುವಾಗ ಸ್ಕ್ಯಾನ್‌ಡಿಸ್ಕ್ ನಡೆಯುತ್ತಿದ್ದುದು ಹಲವರಿಗೆ ನೆನಪಿರಬಹುದು.

ಇಡೀ ಡಿಸ್ಕನ್ನು ಜಾಲಾಡುವ ಈ ಕೆಲಸ ನಿಧಾನ. ಆದ್ದರಿಂದ 1993ರ ಎನ್‌ಟಿಎಫ್‌ಎಸ್ ದಿನಚರಿ ಬರೆಯುವ ಕ್ರಮವನ್ನು ಅಳವಡಿಸಿಕೊಂಡಿತು. ಸೂಚಿಯನ್ನು ಬದಲಿಸುವ ಮೊದಲು, ಮಾಡಲಿರುವ ಬದಲಾವಣೆಯನ್ನು ದಿನಚರಿಯಲ್ಲಿ ಬರೆಯುವುದು. ನಡುವೆ ವಿದ್ಯುತ್ ಹೋದರೆ ಅದನ್ನು ನೋಡಿ ಕೆಲಸ ಮುಗಿಸುವುದು ಅಥವಾ ರದ್ದುಮಾಡುವುದು. 2001ರಲ್ಲಿ ಲಿನಕ್ಸ್‌ಗೆ ಸೇರಿದ ಇಎಕ್ಸ್‌ಟಿ3ಯಲ್ಲೂ ದಿನಚರಿಯಿದೆ.

ಇಲ್ಲೊಂದು ಮುಖ್ಯ ಮಾತನ್ನು ಗಮನಿಸಬೇಕು. ಚೆಕ್‌ಡಿಸ್ಕ್ ಆಗಲಿ ದಿನಚರಿಯಾಗಲಿ ಪ್ರಧಾನವಾಗಿ ಕಾಯುವುದು ಸೂಚಿಯನ್ನು, ನಮ್ಮ ಬರಹವನ್ನಲ್ಲ. ಸೂಚಿ ಹೊಂದಾಣಿಕೆಯಾಗದಿದ್ದರೆ ಚೆಕ್‌ಡಿಸ್ಕ್ ಕೆಲವು ನಮೂದುಗಳನ್ನು ತೆಗೆದುಹಾಕಲೂಬಹುದು. ಇನ್ನು ಡಿಸ್ಕೇ ಸಾಯುತ್ತಿದ್ದರೆ, ಇಡೀ ತಟ್ಟೆಯನ್ನು ಪರೀಕ್ಷಿಸುವ ಶ್ರಮವೇ ಅದರ ಕೊನೆಯ ಕೆಲಸವಾದೀತು. ಆದ್ದರಿಂದ ಕ್ರಮ ಹೀಗಿರಲಿ: ಟಕಟಕ ಸದ್ದು, ಪದೇ ಪದೇ ಓದುವ ದೋಷ ಅಥವಾ 1990ರ ದಶಕದಿಂದ ಡಿಸ್ಕುಗಳಲ್ಲಿರುವ ಸ್ಮಾರ್ಟ್ ವ್ಯವಸ್ಥೆಯ ಎಚ್ಚರಿಕೆ ಕಂಡರೆ, ಮೊದಲು ಮುಖ್ಯ ಫೈಲುಗಳನ್ನು ಇನ್ನೊಂದು ಡಿಸ್ಕಿಗೆ ನಕಲಿಸಿ. ಅದು ಸಾಧ್ಯವಾಗದಿದ್ದರೆ ಗಣಕವನ್ನು ನಿಲ್ಲಿಸಿ ತಜ್ಞರಿಗೆ ಒಪ್ಪಿಸಿ. ದುರಸ್ತಿ ತಂತ್ರಾಂಶವನ್ನು ನಡೆಸುವುದು ನಕಲು ಮಾಡಿಕೊಂಡ ನಂತರ.

ಫ್ಯಾಟ್‌ನ ಎರಡು ಪಟ್ಟಿಗಳು ಒಂದೇ ಡಿಸ್ಕಿನಲ್ಲಿರುತ್ತವೆ. ಡಿಸ್ಕ್ ಹೋದರೆ ಎರಡೂ ಹೋದವು. ಗವಿಮಠ ಮತ್ತು ಪಾಲ್ಕಿಗುಂಡಿನ ಬರಹಗಳು ಇರುವುದು ಬೇರೆ ಬೇರೆ ಬಂಡೆಗಳ ಮೇಲೆ. ಕುಷ್ಟಗಿಯಾಗಲಿ ಯಲಬುರ್ಗಾ ಆಗಲಿ, ಶಾಲೆಯ ಅಂಕಪಟ್ಟಿ, ಮನೆಯ ಫೋಟೋಗಳಿಗೆ ಬೇಕಾದುದು ಅಂಥ ಎರಡನೆಯ ಪ್ರತಿ: ಬೇರೆ ಡಿಸ್ಕಿನಲ್ಲಿ, ಸಾಧ್ಯವಾದರೆ ಬೇರೆ ಕಟ್ಟಡದಲ್ಲಿ. ವಿದ್ಯಾರ್ಥಿಗಳೊಂದಿಗೆ ತಿಂಗಳಿಗೊಮ್ಮೆ ಆ ಪ್ರತಿಯಿಂದ ಒಂದು ಫೈಲನ್ನು ತೆರೆದು ನೋಡಿ. ತೆರೆಯದ ಪ್ರತಿಯನ್ನು ಪ್ರತಿಯೆಂದು ಎಣಿಸುವಂತಿಲ್ಲ.