ಹೇಫೀಲ್ಡ್ ಗ್ರಾಮವೂ ಅದರ ಬೆಟ್ಟವೂ

ಅರಸರ ಚರಿತ್ರೆಯನ್ನು ನಾವು ಶಾಸನಗಳಿಂದ ತಿಳಿಯುತ್ತೇವೆ; ಕೆಲವು ಹಳ್ಳಿಗಳ ಚರಿತ್ರೆಯನ್ನಾದರೋ ಕಾಲುದಾರಿಗಳಿಂದ ತಿಳಿಯಬೇಕಾಗುವುದು. ಇಂಗ್ಲೆಂಡಿನ ಡರ್ಬಿಷೈರ್ ಸೀಮೆಯ ಹೇಫೀಲ್ಡ್ ಅಂತಹದೊಂದು ಗ್ರಾಮ. ಸೆಟ್ ಎಂಬ ಕಿರುಹೊಳೆಯ ಕಣಿವೆಯಲ್ಲಿ ಕಲ್ಲುಗೋಡೆಯ ಮನೆಗಳು; ಅವುಗಳ ಪೂರ್ವಕ್ಕೆ 2,000 ಅಡಿಗಳನ್ನು ಮೀರಿ ಎದ್ದಿರುವ ಕಿಂಡರ್ ಸ್ಕೌಟ್ ಬೆಟ್ಟ. ಇದರ ನೆತ್ತಿಯು ಚೂಪಾದ ಶಿಖರವಲ್ಲ. ಹೀದರ್ ಪೊದೆಯೂ ಕಪ್ಪು ಜೌಗುನೆಲವೂ ಹರಡಿರುವ ವಿಶಾಲವಾದ ಬಯಲು.

ಪೂರ್ವದಲ್ಲಿ ಊರವರಿಗೆ ಈ ಬೆಟ್ಟವು ನಮ್ಮ ಗೋಮಾಳದಂತಿತ್ತು. 19ನೆಯ ಶತಮಾನದ ಪೂರ್ವಾರ್ಧದಲ್ಲಿ ಅದು ವಿಂಗಡವಾಗಿ ಭೂಮಾಲಿಕರ ಸ್ವತ್ತಾಯಿತು. ಗ್ರೌಸ್ ಎಂಬ ಹಕ್ಕಿಯ ಬೇಟೆಗಾಗಿ ಅವರು ಅದನ್ನು ಕಾದಿರಿಸಿದರು. ಬೇಟೆಯು ವರ್ಷದಲ್ಲಿ ಕೆಲವೇ ದಿನ. ಕಾವಲು ಮಾತ್ರ ವರ್ಷವೆಲ್ಲ. ಹಕ್ಕಿಗೆ ಉಂಟಾದ ನೆಲೆ ಮನುಷ್ಯನಿಗೆ ಇಲ್ಲವಾಯಿತು.

ಇದೇ ಕಾಲದಲ್ಲಿ ಸಮೀಪದ ಮ್ಯಾಂಚೆಸ್ಟರಿನಲ್ಲಿ ಹತ್ತಿಯ ಗಿರಣಿಗಳು ಬೆಳೆದವು. ವಾರವೆಲ್ಲ ಹೊಗೆಯನ್ನು ಕುಡಿದ ಕೆಲಸಗಾರರಿಗೆ ಭಾನುವಾರ ಶುದ್ಧ ಗಾಳಿ ಬೇಕಾಗಿತ್ತು. 1868ರಲ್ಲಿ ರೈಲು ಹೇಫೀಲ್ಡಿಗೆ ಬಂದಿತು. ಊರಿನವರೆಗೆ ಬರಬಹುದು, ಬೆಟ್ಟವನ್ನು ಮಾತ್ರ ಏರಕೂಡದು ಎಂಬ ಸ್ಥಿತಿಯನ್ನು ಅವರು ಎಷ್ಟು ದಿನ ಸಹಿಸಿಯಾರು?

ಕೆಲವರು ವಿನಯಮಾರ್ಗವನ್ನು ಹಿಡಿದರು. ಜೇಮ್ಸ್ ಬ್ರೈಸ್ ಅವರು 1884ರಲ್ಲಿ ಬೆಟ್ಟಗಳಲ್ಲಿ ಸಂಚರಿಸುವ ಹಕ್ಕಿಗಾಗಿ ಪಾರ್ಲಿಮೆಂಟಿನಲ್ಲಿ ಮಸೂದೆಯನ್ನು ತಂದರು, ಅದು ಅಂಗೀಕಾರವಾಗಲಿಲ್ಲ. ಕಾಲುದಾರಿಗಳ ರಕ್ಷಣೆಗಾಗಿ 1894ರಲ್ಲಿ ಮ್ಯಾಂಚೆಸ್ಟರಿನಲ್ಲಿ ಹುಟ್ಟಿದ ಸಂಘದ ಪ್ರಯತ್ನದಿಂದ, 1897ರಲ್ಲಿ ಹೇಫೀಲ್ಡಿನಿಂದ ವಿಲಿಯಂ ಕ್ಲಫ್ ಕಮರಿಯ ಮೂಲಕ ಒಂದು ದಾರಿ ತೆರೆಯಿತು. ಆದರೆ ದಾರಿಯ ಎರಡು ಪಕ್ಕಗಳೂ ನಿಷಿದ್ಧವಾಗಿಯೇ ಉಳಿದವು.

1932ರ ಏಪ್ರಿಲ್ 24ರಂದು ಸುಮಾರು 400 ಮಂದಿ ತರುಣ ತರುಣಿಯರು ಹೇಫೀಲ್ಡಿನ ಬೌಡನ್ ಬ್ರಿಡ್ಜ್ ಕಲ್ಲುಗಣಿಯಲ್ಲಿ ಕೂಡಿದರು. ಇಪ್ಪತ್ತು ವರ್ಷದ ಬೆನ್ನಿ ರಾತ್‌ಮನ್ ಅವರಿಗೆ ಮುಂದಾಳು. ಎಲ್ಲರೂ ಆ ದಾರಿಯನ್ನು ಬಿಟ್ಟು, ತಿಳಿದೇ ನಿಷಿದ್ಧವಾದ ಇಳಿಜಾರನ್ನು ಏರಿದರು. ಕಾವಲುಗಾರರೊಡನೆ ಕೈ ಕೈ ಮಿಲಾಯಿಸಿತು; ಒಬ್ಬ ಕಾವಲುಗಾರನಿಗೆ ಗಾಯವಾಯಿತು. ಪರರ ಭೂಮಿಯನ್ನು ಪ್ರವೇಶಿಸುವುದು ಅಲ್ಲಿನ ಕಾನೂನಿನಲ್ಲಿ ಸಿವಿಲ್ ತಪ್ಪೇ ಹೊರತು ಅಪರಾಧವಲ್ಲ. ಆದುದರಿಂದ ದೊಂಬಿ ಮೊದಲಾದ ಆರೋಪಗಳನ್ನು ಹೊರಿಸಲಾಯಿತು. ಡರ್ಬಿಯ ನ್ಯಾಯಸ್ಥಾನವು ಐವರಿಗೆ ಎರಡರಿಂದ ಆರು ತಿಂಗಳವರೆಗೆ ಸೆರೆಮನೆವಾಸವನ್ನು ವಿಧಿಸಿತು.

ನಡೆಯುವವರ ಹಿರಿಯ ಸಂಘಗಳು ಕೂಡ ಈ ಸಾಹಸವನ್ನು ಮೆಚ್ಚಲಿಲ್ಲವೆಂಬುದನ್ನು ನಾವು ಮರೆಯಬಾರದು. ಅವಸರವು ಅರ್ಧ ಶತಮಾನದ ಸಂಧಾನವನ್ನು ಕೆಡಿಸೀತೆಂಬುದು ಅವರ ಭಯ. ಆ ಭಯವು ನಿರಾಧಾರವೆಂದು ಹೇಳಲಾರೆವು. ಆದರೆ ಕಠಿನವಾದ ಶಿಕ್ಷೆಯು ಒಂದು ಕೆಲಸವನ್ನು ಮಾಡಿತು: ಅಲ್ಲಿಯವರೆಗೆ ನಡೆಯುವವರ ಸಮಾಚಾರವಾಗಿದ್ದುದು ಇಡೀ ದೇಶದ ಪ್ರಶ್ನೆಯಾಯಿತು. ತಾಳ್ಮೆಯವರು ಬಾಗಿಲನ್ನು ಹುಡುಕಿದರು, ತರುಣರು ಅದನ್ನು ತಟ್ಟಿದರು ಎನ್ನುವುದೇ ಯುಕ್ತ.

ಬಾಗಿಲು ಮೆಲ್ಲನೆ ತೆರೆಯಿತು. 1949ರಲ್ಲಿ ರಾಷ್ಟ್ರೀಯ ಉದ್ಯಾನಗಳ ಕಾನೂನು ಬಂದಿತು. 1951ರಲ್ಲಿ ಈ ಸೀಮೆಯೇ ಬ್ರಿಟನ್ನಿನ ಮೊದಲನೆಯ ರಾಷ್ಟ್ರೀಯ ಉದ್ಯಾನವಾಯಿತು. 1965ರಲ್ಲಿ, ಬೆಟ್ಟದ ಇನ್ನೊಂದು ತಪ್ಪಲಿನ ಈಡೇಲ್ ಗ್ರಾಮದಿಂದ ಸ್ಕಾಟ್ಲೆಂಡಿನ ಗಡಿಯವರೆಗೆ ಪೆನೈನ್ ಹಾದಿ ಸಿದ್ಧವಾಯಿತು. 2000ದ ಶಾಸನವು ಬೆಟ್ಟಬಯಲುಗಳಲ್ಲಿ ನಡೆಯುವ ಹಕ್ಕನ್ನು ಇಂಗ್ಲೆಂಡ್ ಮತ್ತು ವೇಲ್ಸ್ ದೇಶಗಳ ಜನರಿಗೆ ಕೊಟ್ಟಿತು. ಹಿಂದೆ ಈ ಬೆಟ್ಟದ ಒಡೆತನವಿದ್ದ ಮನೆತನದ ಡೆವನ್‌ಷೈರ್ ಡ್ಯೂಕರು 2002ರಲ್ಲಿ, ಆ ಘಟನೆಯ ಎಪ್ಪತ್ತನೆಯ ವರ್ಷದ ಸಭೆಯಲ್ಲಿ, ಬಹಿರಂಗವಾಗಿ ಕ್ಷಮೆಯನ್ನು ಯಾಚಿಸಿದರು.

ಹೇಫೀಲ್ಡಿನ ರೈಲು 1970ರಲ್ಲಿ ನಿಂತುಹೋಯಿತು. ಕಂಬಿಗಳನ್ನು ಕಿತ್ತ ಆ ನೆಲ ಈಗ ಕಾಲುದಾರಿ. ಜನರನ್ನು ಬೆಟ್ಟದ ಬುಡಕ್ಕೆ ತಂದು ನಿಲ್ಲಿಸುತ್ತಿದ್ದ ಹಾದಿಯೂ ಕೊನೆಗೆ ನಡೆಯುವವರದೇ ಆಯಿತು.