ಕೋಲಾರದ ಚಿನ್ನದ ಗಣಿ: ಮುಚ್ಚಿದ ಮೇಲೆ ಉಳಿದ ಊರು

ಸೇಲಂ, ಧರ್ಮಪುರಿ ಸೀಮೆಯಿಂದ ಒಂದು ಕಾಲಕ್ಕೆ ಅನೇಕ ಕುಟುಂಬಗಳು ದುಡಿಮೆ ಹುಡುಕಿ ಕೋಲಾರದ ಚಿನ್ನದ ಗಣಿಗೆ ಹೋದವು. ಉತ್ತರ ಆರ್ಕಾಟ್ ಮತ್ತು ಚಿತ್ತೂರು ಕಡೆಯವರೂ ಬಂದರು. ಹಾಗಾಗಿ ಕೆಜಿಎಫ್‌ನ ಕಥೆ ಗಡಿಯ ಈಚೆಗಿನ ನಮಗೂ ಸೇರಿದ್ದು.

ಬೆಳೆದದ್ದು

1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಇಲ್ಲಿ ಗಣಿಗಾರಿಕೆಗೆ ಕೈಹಾಕಿತು. 1902ರಲ್ಲಿ ಶಿವನಸಮುದ್ರದಿಂದ ವಿದ್ಯುತ್ ಬಂತು. ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಆಳಕ್ಕೆ ಇಳಿಯಿತು. ಗಣಿ ಇರುವವರೆಗೆ ಒಟ್ಟು ಸುಮಾರು 800 ಟನ್ ಚಿನ್ನ ತೆಗೆದರೆಂದು ಲೆಕ್ಕ. ಅದಕ್ಕೆ ತೆತ್ತ ಬೆಲೆಯೂ ದೊಡ್ಡದು: ಆಳದಲ್ಲಿ ಬಂಡೆ ಸಿಡಿತ, ಉಸಿರಾಟಕ್ಕೆ ಕಲ್ಲುಧೂಳು, ಮುಂದೆ ಸಿಲಿಕೋಸಿಸ್.

ಮುಚ್ಚಿದ್ದು

1956ರಲ್ಲಿ ಮೈಸೂರು ಸರ್ಕಾರ, 1962ರಲ್ಲಿ ಕೇಂದ್ರ ಸರ್ಕಾರ ಗಣಿಗಳನ್ನು ವಹಿಸಿಕೊಂಡವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯಾಯಿತು. ಅದಿರಿನಲ್ಲಿ ಚಿನ್ನದ ಪ್ರಮಾಣ ಇಳಿಯುತ್ತ, ಆಳ ಹೆಚ್ಚಿದಂತೆ ಖರ್ಚು ಏರುತ್ತ ಹೋಯಿತು. 2001ರ ಫೆಬ್ರವರಿ 28ರಂದು ಕೆಲಸ ನಿಂತಿತು.

ಆಮೇಲೆ

ರಾಬರ್ಟ್‌ಸನ್‌ಪೇಟೆ, ಆಂಡರ್ಸನ್‌ಪೇಟೆ, ಊರಿಗಾಂ, ಮಾರಿಕುಪ್ಪಂ ಇಂದೂ ಜೀವಂತವಾಗಿವೆ. 1964ರಲ್ಲಿ ಶುರುವಾದ ಬೆಮೆಲ್ ಕೆಲವರಿಗೆ ಆಸರೆ. ಉಳಿದವರಿಗೆ ಬೆಳಗಿನ ಬೆಂಗಳೂರು ರೈಲೇ ಗತಿ. ದುಡಿಯಲು ಹೋಗಿ ಕತ್ತಲಾದ ಮೇಲೆ ಮನೆ ಸೇರುತ್ತಾರೆ. ಲೈನ್ ಮನೆಗಳ ಹಕ್ಕುಪತ್ರದ ಪ್ರಶ್ನೆ ವರ್ಷಗಟ್ಟಲೆ ಕಾಡಿದೆ. ಊರಿನ ಪಕ್ಕದಲ್ಲೇ ಗುಡ್ಡದಂತೆ ನಿಂತ ಸೈನೈಡ್ ದಿಬ್ಬಗಳಿಂದ ಗಾಳಿ ಬೀಸಿದಾಗ ಧೂಳು ಮನೆಯೊಳಗೆ ಬರುತ್ತದೆ. ಆ ದಿಬ್ಬಗಳಿಂದ ಉಳಿದ ಚಿನ್ನ ತೆಗೆಯುವ ಮಾತು ಮತ್ತೆ ಮತ್ತೆ ಏಳುತ್ತದೆ. 2024ರಲ್ಲಿ 13 ದಿಬ್ಬಗಳ ಬಗ್ಗೆ ರಾಜ್ಯ ಸಂಪುಟ ಒಪ್ಪಿಗೆ ನೀಡಿತು. ಆದರೆ ಹಳೆಯ ಕಾರ್ಮಿಕರ ಮಕ್ಕಳಿಗೆ ಅದರಿಂದ ಎಷ್ಟು ಕೆಲಸ ಸಿಗುತ್ತದೆ ಎಂಬುದೇ ನಿಜವಾದ ಪ್ರಶ್ನೆ.

ನಮಗೇಕೆ ಇದು

ಎಡಪ್ಪಾಡಿಯ ನಾವು ಮಗ್ಗ ನಂಬಿದವರು. ಒಂದೇ ಕಸುಬಿನ ಮೇಲೆ ನಿಂತ ಊರಿನ ಭಯ ನಮಗೆ ಯಾರೂ ಹೇಳಿಕೊಡಬೇಕಿಲ್ಲ. ಗಣಿ ನಿಂತ ದಿನ ಅಲ್ಲಿ ಸಂಬಳ ಮಾತ್ರ ನಿಲ್ಲಲಿಲ್ಲ. ಆಸ್ಪತ್ರೆ, ಮನೆ, ನೀರು, ದೀಪ ಎಲ್ಲಕ್ಕೂ ಕಂಪನಿಯನ್ನೇ ನೆಚ್ಚಿದ್ದ ಬದುಕು ಅಲುಗಾಡಿತು.

ಮನೆಯ ಹಿರಿಯರು ಗಣಿಯಲ್ಲಿ ದುಡಿದಿದ್ದರೆ ಅವರ ಗುರುತಿನ ಚೀಟಿ, ಸಂಬಳ ಚೀಟಿ, ಫೋಟೋಗಳನ್ನು ಗುಜರಿಗೆ ಹಾಕದೆ ಜೋಪಾನ ಮಾಡಿ. ಅವರು ಹೇಳುವುದನ್ನು ಈಗಲೇ ಬರೆದಿಟ್ಟುಕೊಳ್ಳಿ ಎಂದು ಸದಸ್ಯರಲ್ಲಿ ನಮ್ಮ ವಿನಂತಿ.