ಬೆರಳಚ್ಚಿನ ಕಥೆ

ಕೆಲಸ ಮಾಡಿ ಸವೆದ ಅಜ್ಜಿಯ ಬೆರಳನ್ನು ರೇಷನ್ ಅಂಗಡಿಯ ಯಂತ್ರ ಕೆಲವೊಮ್ಮೆ ಗುರುತಿಸುವುದಿಲ್ಲ. ಈ ಪದ್ಧತಿಯ ಬೇರು 1858ರ ಬಂಗಾಳದಲ್ಲಿದೆ. ಜಂಗೀಪುರದ ಬ್ರಿಟಿಷ್ ಅಧಿಕಾರಿ ವಿಲಿಯಂ ಹರ್ಷೆಲ್, ರಸ್ತೆ ಸಾಮಗ್ರಿ ಒದಗಿಸುತ್ತಿದ್ದ ಗುತ್ತಿಗೆದಾರ ರಾಜ್ಯಧರ ಕೊನಾಯಿಯ ಅಂಗೈಗೆ ಮಸಿ ಹಚ್ಚಿ ಕರಾರುಪತ್ರದ ಹಿಂಬದಿಗೆ ಒತ್ತಿಸಿದರು. ಸಹಿ ನನ್ನದಲ್ಲ ಎಂದು ಅವನು ಮುಂದೆ ಹೇಳಬಾರದಲ್ಲ! ಅಂದರೆ ಶುರುವಾದದ್ದೇ ಅಪನಂಬಿಕೆಯಿಂದ. 1897ರಲ್ಲಿ ಕಲ್ಕತ್ತಾದಲ್ಲಿ ಬೆರಳಚ್ಚು ಕಚೇರಿ ಬಂತು. ಅಚ್ಚುಗಳನ್ನು ವಿಂಗಡಿಸುವ ಲೆಕ್ಕಕ್ಕೆ ದುಡಿದವರು ಅಜೀಜುಲ್ ಹಕ್, ಹೇಮಚಂದ್ರ ಬೋಸ್. ಪದ್ಧತಿಗೆ ಬಿದ್ದ ಹೆಸರು ಮಾತ್ರ ಮೇಲಧಿಕಾರಿ ಹೆನ್ರಿಯದು.

2010ರಲ್ಲಿ ಆಧಾರ್ ಬಂತು. 2012ರಲ್ಲಿ ಅದನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟಿಗೆ ಹೋದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ, ಪ್ರಾಯ 80 ದಾಟಿತ್ತು. 2017ರ ಆಗಸ್ಟ್ 24ರಂದು 9 ನ್ಯಾಯಮೂರ್ತಿಗಳು ಒಮ್ಮತದಿಂದ ಖಾಸಗಿತನ ಮೂಲಭೂತ ಹಕ್ಕು ಎಂದರು. ಮರುವರ್ಷ ಆಧಾರ್ ಉಳಿಯಿತು, ಸಿಮ್ ಕಾರ್ಡಿಗೆ ಅದು ಕಡ್ಡಾಯವಲ್ಲ ಎಂದಾಯಿತು.